ಸ್ವಿಸ್ ಚಲಚ್ಚಿತ್ರದ ಶಿಲ್ಪಿ ಲಿಯೋಪೋಲ್ಡ್ ಲಿಂಟ್‌ಬರ್ಗ್

ಆಲ್ಪ್ಸ್ ಪರ್ವತಶ್ರೇಣಿಯ ಮಡಿಲಿನಲ್ಲಿರುವ ಸ್ವಿಟ್ಜರ್ಲೆಂಡ್ ದೇಶವು ಕೈಗಡಿಯಾರಗಳ ಕುಶಲಕಲೆಗೂ, ಹಿಮಶಿಖರಗಳ ಸೊಬಗಿಗೂ, ರೆಡ್‌ಕ್ರಾಸ್ ಸಂಸ್ಥೆಯ ಜನ್ಮಭೂಮಿಯೆಂಬ ಹಿರಿಮೆಗೂ ಲೋಕಪ್ರಸಿದ್ಧವಾಗಿದೆ. ಆದರೆ ಚಲಚ್ಚಿತ್ರಕಲೆಯ ಚರಿತ್ರೆಯಲ್ಲಿ ಬಹುಕಾಲ ಅದರ ಹೆಸರು ಕೇಳಿಬಂದಿರಲಿಲ್ಲ. 1930ರ ದಶಕದಲ್ಲಿ ಆ ದೇಶದ ಜನಸಂಖ್ಯೆ ಸುಮಾರು 40 ಲಕ್ಷ. ಅಷ್ಟು ಜನರೂ ಒಂದೇ ನುಡಿಯನ್ನಾಡುವವರಲ್ಲ. ಜರ್ಮನ್, ಫ್ರೆಂಚ್, ಇಟಾಲಿಯನ್, ರೊಮಾನ್ಷ್ ಎಂದು ನಾಲ್ಕು ಭಾಷೆಗಳಲ್ಲಿ ಹಂಚಿಹೋದ ಪುಟ್ಟ ನಾಡಿನಲ್ಲಿ ಚಿತ್ರವೊಂದನ್ನು ತೆಗೆದರೆ ಹಾಕಿದ ಹಣ ಹಿಂದಿರುಗುವ ಬಗೆ ಎಂತು ಎಂಬ ಅಂಜಿಕೆ ಬಂಡವಾಳಗಾರರದು. ಬರ್ಲಿನ್ನಿನಿಂದ, ಪ್ಯಾರಿಸಿನಿಂದ, ಅಮೆರಿಕದಿಂದ ಬಂದ ಚಿತ್ರಗಳೇ ಅಲ್ಲಿಯ ಮಂದಿರಗಳನ್ನು ತುಂಬಿದ್ದವು. ತಮ್ಮ ಊರು, ತಮ್ಮ ಹೊಲ, ತಮ್ಮ ಮಾತಿನ ಧಾಟಿ ಇವನ್ನು ಸ್ವಿಸ್ ಜನರು ಬೆಳ್ಳಿತೆರೆಯ ಮೇಲೆ ಕಂಡು ಇವು ನಮ್ಮವೆಂದು ಗುರುತಿಸಿಕೊಂಡದ್ದು ತೀರ ತಡವಾಗಿ. ಸೋಜಿಗವೆಂದರೆ, ಹಾಗೆ ಕಾಣಿಸಿಕೊಟ್ಟವರು ಆ ನೆಲದಲ್ಲಿ ಹುಟ್ಟಿದವರಲ್ಲ. ಹುಟ್ಟಿದ ಊರನ್ನು ಬಿಟ್ಟು, ನಂಬಿ ಬಂದ ದೇಶದಿಂದ ಓಡಿ, ಇರಗೊಟ್ಟಷ್ಟು ದಿನ ಇರಲು ಅನುಮತಿ ಬೇಡುತ್ತ ಬದುಕಿದ ಒಬ್ಬ ಪರದೇಶಿ ಆ ಕೆಲಸವನ್ನು ಮಾಡಿದರು. ಅವರೇ ಲಿಯೋಪೋಲ್ಡ್ ಲಿಂಟ್‌ಬರ್ಗ್.

ಅವರು 1902ನೆಯ ಇಸವಿ ಜೂನ್ 1ರಂದು ಆಸ್ಟ್ರಿಯ ದೇಶದ ರಾಜಧಾನಿಯಾದ ವಿಯೆನ್ನಾ ನಗರದ ಒಂದು ಯೆಹೂದಿ ಮನೆತನದಲ್ಲಿ ಜನಿಸಿದರು. ಹುಟ್ಟುಹೆಸರು ಲಿಯೋಪೋಲ್ಡ್ ಲೆಂಬರ್ಗರ್. ಲಿಂಟ್‌ಬರ್ಗ್ ಎಂಬುದು ರಂಗಭೂಮಿಗಾಗಿ ತಳೆದ ಹೆಸರು. ಅವರ ಬಾಲ್ಯದ ವಿಯೆನ್ನಾ ಒಂದು ದೊಡ್ಡ ಸಾಮ್ರಾಜ್ಯದ ರಾಜಧಾನಿ. ಅವರಿಗೆ ಹದಿನಾರು ತುಂಬಿದ ವರ್ಷ, 1918ರಲ್ಲಿ, ಆ ಸಾಮ್ರಾಜ್ಯವೇ ಕುಸಿಯಿತು. ಸಂಗೀತ, ನಾಟಕ, ಸಾಹಿತ್ಯಗಳ ತವರೆನಿಸಿದ ಆ ನಗರದಲ್ಲಿ ನಾಟಕದ ಗೀಳು ಹಿಡಿಯದ ತರುಣನೇ ವಿರಳ. ಲಿಂಟ್‌ಬರ್ಗರೂ ನಟರಾಗಿ ರಂಗವನ್ನೇರಿ, ಜರ್ಮನಿಯ ಹಲವು ನಗರಗಳ ನಾಟಕಶಾಲೆಗಳಲ್ಲಿ ದುಡಿದು, ಕ್ರಮೇಣ ನಿರ್ದೇಶನದತ್ತ ಹೊರಳಿದರು. ಬರ್ಲಿನ್ನಿನಲ್ಲಿ ಎರ್ವಿನ್ ಪಿಸ್ಕಾಟರ್ ಅವರ ಬಳಗದಲ್ಲಿ ಕಳೆದ ಕಾಲ ಅವರ ಮನಸ್ಸನ್ನು ತಿದ್ದಿತು. ನಾಟಕವು ಸಂಜೆಯ ಹೊತ್ತು ಕಳೆಯುವ ವಿನೋದವಲ್ಲ, ಕಾಲದ ಪ್ರಶ್ನೆಗಳನ್ನು ಜನರ ಮುಂದಿಡುವ ಸಾಧನ ಎಂಬುದು ಪಿಸ್ಕಾಟರ್ ಅವರ ನಂಬಿಕೆ. ಆ ನಂಬಿಕೆಯನ್ನು ಲಿಂಟ್‌ಬರ್ಗರು ಉಳಿಸಿಕೊಂಡರು. ಗುರುವಿನ ಗಟ್ಟಿದನಿಯನ್ನು ಮಾತ್ರ ಅನುಸರಿಸಲಿಲ್ಲ. ಮೆಲುಮಾತು, ಮಂದಹಾಸ, ಮನುಷ್ಯನ ಮುಖದ ಸಣ್ಣ ಚಲನೆ ಇವುಗಳಲ್ಲಿಯೇ ಅವರಿಗೆ ಆಸಕ್ತಿ ಹೆಚ್ಚು.

1933ರ ಜನವರಿಯಲ್ಲಿ ಹಿಟ್ಲರನು ಜರ್ಮನಿಯ ಅಧಿಕಾರವನ್ನು ಹಿಡಿದನು. ಯೆಹೂದಿಗಳಿಗೂ ಎಡಪಂಥೀಯ ಕಲಾವಿದರಿಗೂ ಅಲ್ಲಿಯ ರಂಗಭೂಮಿಯ ಬಾಗಿಲುಗಳು ಕೆಲವೇ ವಾರಗಳಲ್ಲಿ ಮುಚ್ಚಿದವು. ಲಿಂಟ್‌ಬರ್ಗರು ಜರ್ಮನಿಯನ್ನು ತೊರೆದು ಜೂರಿಚ್ ನಗರವನ್ನು ಸೇರಿದರು. ಅಲ್ಲಿ ಫರ್ಡಿನಾಂಡ್ ರೀಸರ್ ಎಂಬ ದ್ರಾಕ್ಷಾರಸದ ವ್ಯಾಪಾರಿಯೊಬ್ಬರು ನಗರದ ನಾಟಕಮಂದಿರವಾದ ಷೌಷ್ಪೀಲ್‌ಹೌಸನ್ನು ಕೊಂಡು ನಡೆಸುತ್ತಿದ್ದರು. ಜರ್ಮನಿಯಿಂದ ಓಡಿಬಂದ ಅತ್ಯುತ್ತಮ ನಟರಿಗೆ ಅವರು ಕೆಲಸ ಕೊಟ್ಟರು. ಕರುಣೆಯಿಂದ ಕೊಟ್ಟರೋ, ಕಡಿಮೆ ಸಂಬಳಕ್ಕೆ ದೊಡ್ಡ ಪ್ರತಿಭೆ ದೊರೆಯುತ್ತಿತ್ತೆಂದು ಕೊಟ್ಟರೋ ಎಂಬ ಚರ್ಚೆ ಇಂದಿಗೂ ನಿಂತಿಲ್ಲ, ಎರಡೂ ಇದ್ದಿರಬಹುದು. ಅದೇನೇ ಇರಲಿ, ನಾಜಿಗಳ ಶಿಬಿರದಲ್ಲಿ ಸೆರೆಯಾಗಿದ್ದು ಬಿಡುಗಡೆ ಹೊಂದಿ ಬಂದ ವೋಲ್ಫ್‌ಗಾಂಗ್ ಲಾಂಗ್‌ಹೋಫ್, ಕುರ್ಟ್ ಹೋರ್ವಿಟ್ಸ್, ಎರ್ನ್‌ಸ್ಟ್ ಗಿನ್ಸ್‌ಬರ್ಗ್, ಮುಂದೆ ಬಂದು ಸೇರಿದ ತೆರೆಸ್ ಗೀಸೆ ಮೊದಲಾದವರಿಂದ ಆ ಸಣ್ಣ ನಾಟಕಶಾಲೆ ಸ್ವತಂತ್ರ ಜರ್ಮನ್ ರಂಗಭೂಮಿಯ ಕೊನೆಯ ಆಶ್ರಯಸ್ಥಾನಗಳಲ್ಲೊಂದಾಯಿತು. ಹೊಸ ನಾಟಕಗಳು ಒಂದರ ಬೆನ್ನಿಗೊಂದು ರಂಗಕ್ಕೆ ಬರಬೇಕು, ಅಭ್ಯಾಸಕ್ಕೆ ಸಿಗುವ ದಿನಗಳು ಬೆರಳೆಣಿಕೆಯವು. ಇಂಥ ಅವಸರದಲ್ಲಿ ನೂರಾರು ಪಾತ್ರಗಳನ್ನು ಕೂಡಿಸಿ ಕಟ್ಟುವ ಶಿಸ್ತನ್ನು ಲಿಂಟ್‌ಬರ್ಗರು ಅಲ್ಲಿ ಪಡೆದರು.

1934ರ ನವೆಂಬರಿನಲ್ಲಿ ಅವರು ಫ್ರೀಡ್ರಿಕ್ ವೋಲ್ಫ್ ಬರೆದ 'ಪ್ರೊಫೆಸರ್ ಮಾನ್‌ಹೈಮ್' ಎಂಬ ನಾಟಕವನ್ನು ರಂಗಕ್ಕೆ ತಂದರು. ಯೆಹೂದಿಯಾದ ಒಬ್ಬ ನುರಿತ ಶಸ್ತ್ರವೈದ್ಯನನ್ನು ಅವನು ಕಟ್ಟಿದ ಆಸ್ಪತ್ರೆಯಿಂದಲೇ ಹೊರಗಟ್ಟುವ ಕಥೆ ಅದು. ಹಿಟ್ಲರನ ಪಂಥವನ್ನು ಅನುಸರಿಸುತ್ತಿದ್ದ ಸ್ವಿಸ್ ತರುಣರ ಗುಂಪುಗಳು ನಾಟಕಶಾಲೆಯ ಹೊರಗೂ ಒಳಗೂ ಗದ್ದಲವೆಬ್ಬಿಸಿದವು. ಪೊಲೀಸರ ಕಾವಲಿನಲ್ಲಿ ಪ್ರದರ್ಶನಗಳು ನಡೆದವು. ಗಡಿ ದಾಟಿ ಬಂದ ಮಾತ್ರಕ್ಕೆ ಹಿಂದೆ ಬಿಟ್ಟುಬಂದ ಭಯ ಬೆನ್ನು ಬಿಡುವುದಿಲ್ಲವೆಂಬುದು ಆ ದಿನಗಳಲ್ಲಿ ಅವರಿಗೆ ಮನದಟ್ಟಾಯಿತು. ಸರ್ಕಾರದ ದೃಷ್ಟಿಯಲ್ಲಿ ಅವರಂಥವರು ಅತಿಥಿಗಳು, ಅದೂ ಅವಧಿ ಗೊತ್ತುಮಾಡಿದ ಅತಿಥಿಗಳು. ಪರಕೀಯರ ವಿಭಾಗದ ಪೊಲೀಸರು ಪರವಾನಗಿಯನ್ನು ಕಾಲಕಾಲಕ್ಕೆ ನವೀಕರಿಸಬೇಕು. ನವೀಕರಿಸದಿದ್ದರೆ ಹೋಗುವುದೆಲ್ಲಿಗೆ?

ಜೂರಿಚ್‌ನಲ್ಲಿಯೇ ಇನ್ನೊಬ್ಬ ವಲಸಿಗರು ಚಲಚ್ಚಿತ್ರದ ಉದ್ಯಮವನ್ನು ಕಟ್ಟುತ್ತಿದ್ದರು. ಪೋಲೆಂಡಿನಿಂದ ಬಂದ ಎಂಜಿನಿಯರ್ ಲಾಜರ್ ವೆಕ್ಸ್ಲರ್ ಅವರು ವಿಮಾನಯಾನದ ಸಾಹಸಿ ವಾಲ್ಟರ್ ಮಿಟ್ಟೆಲ್‌ಹೋಲ್ಸರ್ ಜತೆಗೂಡಿ 1924ರಲ್ಲಿ ಪ್ರೇಸೆನ್ಸ್ ಫಿಲ್ಮ್ ಎಂಬ ಸಂಸ್ಥೆಯನ್ನು ಸ್ಥಾಪಿಸಿದ್ದರು. ಸರ್ಕಾರದ ಹಣವಾಗಲಿ ದೊಡ್ಡ ಕಂಪನಿಗಳ ಬೆಂಬಲವಾಗಲಿ ಇಲ್ಲದೆ, ಒಂದು ಚಿತ್ರದ ಗಳಿಕೆಯಿಂದ ಇನ್ನೊಂದನ್ನು ತೆಗೆಯುವ ಸ್ವತಂತ್ರ ಉದ್ಯಮ ಅದು. ವೆಕ್ಸ್ಲರ್ ಹಟವಾದಿ, ಲೆಕ್ಕಾಚಾರದಲ್ಲಿ ಬಿಗಿ, ಆದರೆ ಒಳ್ಳೆಯ ಕಥೆಯೊಂದು ಕೈಗೆ ಸಿಕ್ಕರೆ ಇದ್ದುದೆಲ್ಲವನ್ನೂ ಪಣಕ್ಕೊಡ್ಡುವವರು. ಅವರು ಲಿಂಟ್‌ಬರ್ಗರನ್ನು ಕರೆದು ಕ್ಯಾಮೆರಾದ ಮುಂದೆ ನಿಲ್ಲಿಸಿದ್ದು ಸ್ವಿಸ್ ಚಿತ್ರರಂಗದ ಭಾಗ್ಯವೆನ್ನಬೇಕು. 1935ರಲ್ಲಿ ವಾಲ್ಟರ್ ಲೆಶ್ ಅವರೊಡನೆ ನಿರ್ದೇಶಿಸಿದ 'ಯೇ-ಸೋ!' ಎಂಬ ಹಾಸ್ಯಚಿತ್ರ ಅವರ ಮೊದಲ ಹೆಜ್ಜೆ. ಪುಸ್ತಕದ ಜರ್ಮನ್ ಭಾಷೆಯನ್ನು ಬಿಟ್ಟು ಜೂರಿಚ್ ಜನರು ಮನೆಯಲ್ಲಿ, ಪೇಟೆಯಲ್ಲಿ ಆಡುವ ಆಡುನುಡಿಯಲ್ಲಿ ಅದನ್ನು ತೆಗೆಯಲಾಯಿತು. ವಿಯೆನ್ನಾದಿಂದ ಬಂದವರೊಬ್ಬರು ಆ ಆಡುನುಡಿಯ ಸೊಗಸನ್ನು ಕಿವಿಗೊಟ್ಟು ಕೇಳಿ ತೆರೆಗೆ ತಂದದ್ದು ಸಣ್ಣ ಮಾತಲ್ಲ.

ಮುಂದೆ ಬಂದದ್ದು 1938. ಆ ವರ್ಷದ ಮಾರ್ಚ್ ತಿಂಗಳಿನಲ್ಲಿ ಹಿಟ್ಲರನು ಆಸ್ಟ್ರಿಯವನ್ನು ನುಂಗಿದನು. ಲಿಂಟ್‌ಬರ್ಗರು ಹುಟ್ಟಿದ ದೇಶವೇ ಭೂಪಟದಿಂದ ಅಳಿಸಿಹೋಯಿತು. ವಿಯೆನ್ನಾದಿಂದ ಯೆಹೂದಿಗಳು ಸ್ವಿಸ್ ಗಡಿಯತ್ತ ಧಾವಿಸತೊಡಗಿದರು. ಅವರನ್ನು ದೂರದಿಂದಲೇ ಗುರುತಿಸಿ ತಡೆಯುವುದಕ್ಕಾಗಿ ಸ್ವಿಸ್ ಅಧಿಕಾರಿಗಳು ಜರ್ಮನ್ ಸರ್ಕಾರದೊಡನೆ ಮಾತುಕತೆ ನಡೆಸಿದರು. ಅದರ ಫಲವಾಗಿ ಆ ಶರತ್ಕಾಲದಿಂದ ಯೆಹೂದಿಗಳ ರಹದಾರಿ ಪತ್ರಗಳ ಮೇಲೆ 'ಜೆ' ಎಂಬ ಕೆಂಪು ಅಕ್ಷರದ ಮುದ್ರೆ ಬಿತ್ತು. ಅದೇ ಶರತ್ಕಾಲದಲ್ಲಿಯೇ ಸ್ವಿಟ್ಜರ್ಲೆಂಡಿನ ಚಿತ್ರಮಂದಿರಗಳಿಗೆ ಲಿಂಟ್‌ಬರ್ಗ್ ಮತ್ತು ಹೆರ್ಮನ್ ಹಾಲರ್ ನಿರ್ದೇಶಿಸಿದ 'ಫ್ಯುಸಿಲಿಯರ್ ವಿಪ್ಫ್' ಬಂದಿತು.

ಕಥೆ ಸರಳವಾದುದು. ರಾಬರ್ಟ್ ಫೇಸಿ ಎಂಬ ಲೇಖಕರ ಕಿರುಕಾದಂಬರಿ ಅದಕ್ಕೆ ಆಧಾರ. 1914ರಲ್ಲಿ ಮಹಾಯುದ್ಧ ತೊಡಗಿದಾಗ ಪೇಟೆಯ ಕ್ಷೌರದಂಗಡಿಯಲ್ಲಿ ಸಹಾಯಕನಾಗಿದ್ದ ಅಂಜುಬುರುಕ ತರುಣ ವಿಪ್ಫ್‌ನಿಗೆ ಗಡಿಗಾವಲಿನ ಕರೆ ಬರುತ್ತದೆ. ಅವನು ಅಲ್ಲಿ ಯಾವ ಯುದ್ಧವನ್ನೂ ಮಾಡುವುದಿಲ್ಲ, ಯಾರನ್ನೂ ಕೊಲ್ಲುವುದಿಲ್ಲ. ನಡೆಯುತ್ತಾನೆ, ಕಾಯುತ್ತಾನೆ, ಬೇಸರಪಡುತ್ತಾನೆ, ಸಂಗಾತಿಗಳೊಡನೆ ನಗುತ್ತಾನೆ, ಕೊನೆಗೆ ಗಟ್ಟಿಮನುಷ್ಯನಾಗುತ್ತಾನೆ. ಪಾಲ್ ಹುಬ್‌ಷ್ಮಿಡ್ ವಿಪ್ಫ್ ಆಗಿಯೂ, ಬರ್ಲಿನ್ನಿನ ರಂಗಭೂಮಿಯನ್ನು 1933ರಲ್ಲಿ ಬಿಟ್ಟು ತಾಯ್ನಾಡಿಗೆ ಮರಳಿದ್ದ ಹೈನ್ರಿಕ್ ಗ್ರೆಟ್ಲರ್ ಅವನ ಹಿರಿಯ ಗೆಳೆಯ ಲ್ಯೂ ಆಗಿಯೂ ಅಭಿನಯಿಸಿದರು. ಮುಂದೆ ಸಂಗೀತನಾಟಕಗಳ ಗಾಯಕಿಯಾಗಿ ಜಗತ್ಪ್ರಸಿದ್ಧರಾದ ಲೀಸಾ ಡೆಲ್ಲಾ ಕಾಸಾ ಅದರಲ್ಲಿ ಹಳ್ಳಿಯ ಹುಡುಗಿ. 40 ಲಕ್ಷ ಜನರ ದೇಶದಲ್ಲಿ 10 ಲಕ್ಷಕ್ಕೂ ಮಿಕ್ಕಿ ಪ್ರೇಕ್ಷಕರು ಆ ಚಿತ್ರವನ್ನು ನೋಡಿದರು. ಇನ್ನೊಂದು ಯುದ್ಧ ಬಾಗಿಲಲ್ಲಿ ನಿಂತಿದ್ದ ಹೊತ್ತಿನಲ್ಲಿ ಸಾಮಾನ್ಯ ಜನ ತಮ್ಮ ದೇಶವೆಂದರೆ ಏನೆಂಬುದನ್ನು ಅಲ್ಲಿ ಕಂಡರು. ಅಂಥ ದೇಶಭಕ್ತಿಯ ಚಿತ್ರವನ್ನು ತೆಗೆದವರ ಕೈಯಲ್ಲಿ ಆ ದೇಶದ ಪೌರತ್ವವಿರಲಿಲ್ಲ.

ಇಲ್ಲಿಂದ ಮುಂದೆ ಒಂದು ತಂಡವೇ ರೂಪುಗೊಂಡಿತು. ಚಿತ್ರಕಥೆಗೆ ರಿಚರ್ಡ್ ಷ್ವೈಟ್ಸರ್, ಛಾಯಾಗ್ರಹಣಕ್ಕೆ ಎಮಿಲ್ ಬೆರ್ನಾ, ಸಂಕಲನಕ್ಕೆ ಹಾಲರ್, ಸಂಗೀತಕ್ಕೆ ರಾಬರ್ಟ್ ಬ್ಲೂಮ್. ಕಥೆಗಾರ ಷ್ವೈಟ್ಸರ್ ಮೂಲತಃ ಜೂರಿಚ್‌ನವರು. ಅವರು ನಾಡಿನ ಒಳಗಿನ ಕಣ್ಣಾದರೆ ಲಿಂಟ್‌ಬರ್ಗರು ಹೊರಗಿನ ಕಣ್ಣು. ಈ ಇಬ್ಬರ ಜೋಡಿ ಆ ಚಿತ್ರಗಳ ಗುಟ್ಟು. ಫ್ರೀಡ್ರಿಕ್ ಗ್ಲೌಸರ್ ಬರೆದ ಪತ್ತೇದಾರಿ ಕಾದಂಬರಿಯಿಂದ 1939ರಲ್ಲಿ 'ವಾಖ್ಟ್‌ಮೈಸ್ಟರ್ ಷ್ಟೂಡರ್', ಗಾಟ್‌ಫ್ರೀಡ್ ಕೆಲ್ಲರ್ ಅವರ ಕಥೆಯಿಂದ 1940ರಲ್ಲಿ 'ದುರುಪಯೋಗವಾದ ಪ್ರೇಮಪತ್ರಗಳು', ಸಿ. ಎಫ್. ಮೇಯರ್ ಅವರ ಕಥೆಯಿಂದ 1942ರಲ್ಲಿ 'ಪ್ರವಚನಪೀಠದಿಂದ ಹಾರಿದ ಗುಂಡು' ಹೊರಬಂದವು. 1941ರ 'ಲಾಂಡಮ್ಮನ್ ಷ್ಟೌಫಾಖರ್' 1315ರ ಮೋರ್ಗಾರ್ಟೆನ್ ಕದನದ ಕಾಲದ ಕಥೆ. ಪ್ರಬಲ ಶತ್ರುವಿನ ಮುಂದೆ ಚಿಕ್ಕ ನಾಡೊಂದು ತಲೆಬಾಗಬೇಕೇ ಎಂಬ ಅದರ ಪ್ರಶ್ನೆ ಆಗಿನ ಪ್ರೇಕ್ಷಕನಿಗೆ ಇತಿಹಾಸದ್ದೆನಿಸಿರಲಾರದು, ಏಕೆಂದರೆ ಸ್ವಿಟ್ಜರ್ಲೆಂಡಿನ ಸುತ್ತಲೂ ಹಿಟ್ಲರ್ ಮತ್ತು ಮುಸೊಲಿನಿಯ ಸೈನ್ಯಗಳು ಬೀಡುಬಿಟ್ಟಿದ್ದವು.

ಹಗಲು ಚಿತ್ರ, ಇರುಳು ನಾಟಕ. 1938ರಿಂದ ಷೌಷ್ಪೀಲ್‌ಹೌಸ್ ಹೊಸ ಆಡಳಿತಕ್ಕೆ ಒಳಪಟ್ಟು ಆಸ್ಕರ್ ವೆಲ್ಟರ್ಲಿನ್ ಅದರ ನಿರ್ದೇಶಕರಾಗಿದ್ದರು. 1941ನೆಯ ಏಪ್ರಿಲ್ 19ರಂದು ಲಿಂಟ್‌ಬರ್ಗರು ಅಲ್ಲಿ ಬರ್ಟೋಲ್ಟ್ ಬ್ರೆಕ್ಟರ 'ಮದರ್ ಕರೇಜ್' ನಾಟಕವನ್ನು ಲೋಕದಲ್ಲಿಯೇ ಮೊದಲ ಬಾರಿಗೆ ಪ್ರಯೋಗಿಸಿದರು. ಯುದ್ಧದ ಬೆನ್ನಿಗೆ ಗಾಡಿಯೆಳೆದುಕೊಂಡು ವ್ಯಾಪಾರ ಮಾಡುತ್ತ ಮಕ್ಕಳೆಲ್ಲರನ್ನೂ ಕಳೆದುಕೊಳ್ಳುವ ತಾಯಿಯ ಪಾತ್ರ ತೆರೆಸ್ ಗೀಸೆಯವರದು. ಆಗ ಫಿನ್ಲೆಂಡಿನಲ್ಲಿ ತಲೆಮರೆಸಿಕೊಂಡಂತೆ ಬದುಕುತ್ತಿದ್ದ ಬ್ರೆಕ್ಟ್ ಆ ಪ್ರಯೋಗವನ್ನು ನೋಡುವಂತಿರಲಿಲ್ಲ. ಪ್ರೇಕ್ಷಕರು ಆ ತಾಯಿಗಾಗಿ ಕಣ್ಣೀರಿಟ್ಟರೆಂದು ತಿಳಿದು, ಆಕೆಯ ವ್ಯಾಪಾರಬುದ್ಧಿಯನ್ನು ಅವರು ಖಂಡಿಸಬೇಕಾಗಿತ್ತೆಂದು ಬ್ರೆಕ್ಟರಿಗೆ ಅಸಮಾಧಾನವಾಯಿತು. ತತ್ತ್ವದ ದೃಷ್ಟಿಯಿಂದ ಬ್ರೆಕ್ಟರ ಆಕ್ಷೇಪ ಸರಿಯಿರಬಹುದು. ಆದರೆ ಮನೆಮಠ ಕಳೆದುಕೊಂಡ ನಟರು, ಬಾಂಬಿನ ಸದ್ದು ಗಡಿಯಾಚೆಯಿಂದ ಕೇಳುತ್ತಿದ್ದ ಪ್ರೇಕ್ಷಕರು, ಇವರ ನಡುವೆ ಕಣ್ಣೀರನ್ನು ತಡೆಯುವ ನಿರ್ದೇಶಕ ಯಾರಿದ್ದಾರು?

1942ರ ಬೇಸಿಗೆ ಬಂದಿತು. ಫ್ರಾನ್ಸ್, ಹಾಲೆಂಡ್, ಬೆಲ್ಜಿಯಂಗಳಿಂದ ಯೆಹೂದಿಗಳನ್ನು ರೈಲುಗಳಲ್ಲಿ ತುಂಬಿ ಪೂರ್ವದ ಮರಣಶಿಬಿರಗಳಿಗೆ ಸಾಗಿಸತೊಡಗಿದ್ದರು. ತಪ್ಪಿಸಿಕೊಂಡವರು ಕಾಡುದಾರಿ ಹಿಡಿದು ಸ್ವಿಸ್ ಗಡಿಯನ್ನು ಸೇರುತ್ತಿದ್ದರು. ಆಗಸ್ಟ್ 13ರಂದು ಸರ್ಕಾರವು ಗಡಿಯನ್ನು ಮುಚ್ಚುವ ಆಜ್ಞೆ ಹೊರಡಿಸಿತು. ಕೇವಲ ಜನಾಂಗದ ಕಾರಣದಿಂದ ಓಡಿಬಂದವರು ರಾಜಕೀಯ ನಿರಾಶ್ರಿತರಲ್ಲ, ಅವರನ್ನು ಹಿಂದಕ್ಕೆ ಕಳುಹಿಸಬೇಕು ಎಂಬುದು ನಿಯಮ. ಅದೇ ತಿಂಗಳ ಕೊನೆಯಲ್ಲಿ ಸಚಿವ ಎಡ್ವರ್ಡ್ ಫಾನ್ ಷ್ಟೈಗರ್ ಅವರು ದೇಶವನ್ನು, ಈಗಾಗಲೇ ಕಿಕ್ಕಿರಿದು ತುಂಬಿದ ಸಣ್ಣ ಪ್ರಾಣರಕ್ಷಕ ದೋಣಿಗೆ ಹೋಲಿಸಿ ಮಾತನಾಡಿದರು. ಜನರಲ್ಲಿ ಹಲವರು ಇದನ್ನು ಪ್ರತಿಭಟಿಸಿದರು. ನಿಯಮ ಆಗಾಗ ಸಡಿಲವಾಯಿತು, ಮತ್ತೆ ಬಿಗಿಯಾಯಿತು. ಯೆಹೂದಿಗಳನ್ನೂ ನಿರಾಶ್ರಿತರೆಂದು ಒಪ್ಪಿದ್ದು 1944ರ ಜುಲೈಯಲ್ಲಿ. ಯುದ್ಧಕಾಲದಲ್ಲಿ 20 ಸಾವಿರಕ್ಕೂ ಹೆಚ್ಚು ಮಂದಿಯನ್ನು ಹಿಂದಕ್ಕಟ್ಟಲಾಯಿತೆಂದು, ಸ್ವಿಸ್ ಸಂಸತ್ತೇ ನೇಮಿಸಿದ ಇತಿಹಾಸತಜ್ಞ ಬೆರ್ಜಿಯೇ ಅವರ ಆಯೋಗವು ಶತಮಾನದ ಕೊನೆಗೆ ಅಂದಾಜು ಮಾಡಿತು. ಆ ಸಂಖ್ಯೆಯ ಬಗೆಗೆ ವಿದ್ವಾಂಸರಲ್ಲಿ ವಾದವುಂಟು. ಹಿಂದಕ್ಕಟ್ಟಿದ್ದರ ಬಗೆಗೆ ವಾದವಿಲ್ಲ.

ಇಂಥ ಕಾಲದಲ್ಲಿ ಲಿಂಟ್‌ಬರ್ಗ್ ಮತ್ತು ಷ್ವೈಟ್ಸರ್ ವೀರಕಥೆಗಳನ್ನು ಬಿಟ್ಟು ಮಕ್ಕಳ ಕಡೆಗೆ, ನಿರಾಶ್ರಿತರ ಕಡೆಗೆ ತಿರುಗಿದರು. 1944ರಲ್ಲಿ ಬಂದ 'ಮಾರೀ-ಲೂಯೀಸ್' ಆ ದಾರಿಯ ಮೊದಲ ಚಿತ್ರ. ಯುದ್ಧದಿಂದ ನೊಂದ ಮಕ್ಕಳನ್ನು ಸ್ವಿಸ್ ರೆಡ್‌ಕ್ರಾಸ್ ರೈಲಿನಲ್ಲಿ ಕರೆತಂದು ಮೂರು ತಿಂಗಳ ಕಾಲ ಮನೆಗಳಲ್ಲಿಟ್ಟು, ಉಣಿಸಿ ತಿನಿಸಿ, ಮೈತುಂಬಿದ ಮೇಲೆ ಮರಳಿ ಕಳುಹಿಸುತ್ತಿತ್ತು. ಯುದ್ಧಮುಗಿಯುವಷ್ಟರಲ್ಲಿ ಹೀಗೆ ಬಂದ ಮಕ್ಕಳು ಸುಮಾರು 60 ಸಾವಿರ. ಚಿತ್ರದ ಬಾಲಕಿ ಮಾರೀ-ಲೂಯೀಸ್ ಫ್ರಾನ್ಸಿನ ರೂವಾನ್ ಪಟ್ಟಣದವಳು. ಬಾಂಬಿನ ದಾಳಿಯಲ್ಲಿ ತಮ್ಮನನ್ನು ಕಳೆದುಕೊಂಡವಳು. ಕಾರ್ಖಾನೆಯ ಯಜಮಾನರೊಬ್ಬರ ಮನೆಯಲ್ಲಿ ಆಕೆ ಮೆಲ್ಲಮೆಲ್ಲನೆ ನಗುವುದನ್ನು ಕಲಿಯುತ್ತಾಳೆ. ವಿಮಾನದ ಸದ್ದು ಕೇಳಿದರೆ ಮಾತ್ರ ನಡುಗುತ್ತಾಳೆ. ಮೂರು ತಿಂಗಳು ತುಂಬುತ್ತದೆ. ಮರಳಿ ಹೋಗಲಾರೆನೆಂದು ಮಗು ಹಟ ಹಿಡಿಯುತ್ತದೆ. ಚಿತ್ರದ ಜೀವಾಳ ಇಲ್ಲಿದೆ: ಉಪಕಾರಕ್ಕೆ ಒಂದು ದಿನಾಂಕವನ್ನು ಗೊತ್ತುಮಾಡಿದಾಗ, ಆ ದಿನಾಂಕದ ಮರುದಿನ ಆ ಮಗುವಿಗೆ ಏನಾಗುತ್ತದೆ? ದಾನ ಮಾಡಿದ ದೊಡ್ಡವರ ತೃಪ್ತಿಯನ್ನು ಚಿತ್ರ ಕೆಣಕುವುದಿಲ್ಲ. ಮಗುವಿನ ಮುಖವನ್ನಷ್ಟೇ ತೋರಿಸಿ ಸುಮ್ಮನಾಗುತ್ತದೆ. ಜೋಸಿಯಾನ್ ಹೆಗ್ ಎಂಬ ಬಾಲಕಿಯ ಅಭಿನಯದಲ್ಲಿ ಕಲಿಸಿದ ಕೃತಕತೆ ಎಲ್ಲಿಯೂ ಕಾಣದು. ಮಕ್ಕಳೊಡನೆ ಕೆಲಸ ಮಾಡುವ ಶಿಕ್ಷಕರಿಗೆ ಇದರ ಕಷ್ಟ ಬೇರೆ ಹೇಳಬೇಕಾಗಿಲ್ಲ. ಒಂದು ಕಟುಸತ್ಯ ಮಾತ್ರ ಚಿತ್ರದ ಹೊರಗೆ ಉಳಿಯಿತು: ಆ ರೈಲುಗಳಲ್ಲಿ ಯೆಹೂದಿ ಮಕ್ಕಳಿಗೆ ಸ್ಥಳವನ್ನು ನಿರಾಕರಿಸಲಾಗಿತ್ತು.

1945ರಲ್ಲಿ ಚಿತ್ರ ಅಮೆರಿಕವನ್ನು ತಲುಪಿತು. 1946ರ ಮಾರ್ಚ್‌ನಲ್ಲಿ ಷ್ವೈಟ್ಸರ್ ಅವರ ಚಿತ್ರಕಥೆಗೆ ಆಸ್ಕರ್ ಪ್ರಶಸ್ತಿ ಬಂದಾಗ ಚಿತ್ರಜಗತ್ತು ಅಚ್ಚರಿಗೊಂಡಿತು. ಇಂಗ್ಲಿಷೇತರ ಭಾಷೆಯ ಚಿತ್ರವೊಂದರ ಬರವಣಿಗೆಗೆ ಆ ಗೌರವ ಸಂದದ್ದು ಅದೇ ಮೊದಲು.

ಅಷ್ಟರಲ್ಲಿ ಲಿಂಟ್‌ಬರ್ಗರ ಬಾಳಿನ ಬಹುಮುಖ್ಯ ಕೃತಿ ಸಿದ್ಧವಾಗಿತ್ತು. 'ಕೊನೆಯ ಅವಕಾಶ' ಎಂಬರ್ಥದ 'ದೀ ಲೆಟ್ಸ್‌ಟೆ ಷಾನ್ಸ್' ಚಿತ್ರದ ಕೆಲಸ ಯುದ್ಧ ಇನ್ನೂ ನಡೆಯುತ್ತಿರುವಾಗಲೇ ಆರಂಭವಾಯಿತು. 1943ರ ಸೆಪ್ಟೆಂಬರಿನಲ್ಲಿ ಇಟಲಿ ಶರಣಾದ ಮೇಲೆ ಉತ್ತರ ಇಟಲಿಯನ್ನು ಜರ್ಮನರು ಆಕ್ರಮಿಸಿದರು. ಯುದ್ಧಕೈದಿಗಳನ್ನು ಸಾಗಿಸುತ್ತಿದ್ದ ರೈಲಿನಿಂದ ಒಬ್ಬ ಇಂಗ್ಲಿಷ್ ಅಧಿಕಾರಿಯೂ ಒಬ್ಬ ಅಮೆರಿಕನ್ ಸೈನಿಕನೂ ತಪ್ಪಿಸಿಕೊಳ್ಳುತ್ತಾರೆ. ಸ್ವಿಟ್ಜರ್ಲೆಂಡನ್ನು ಸೇರುವುದೊಂದೇ ಅವರ ಗುರಿ. ಗಡಿಗೆ ಹತ್ತಿರದ ಬೆಟ್ಟದ ಹಳ್ಳಿಯೊಂದರಲ್ಲಿ ಪಾದ್ರಿಯೊಬ್ಬರು ಅವರಿಗೆ ಆಶ್ರಯವೀಯುತ್ತಾರೆ. ಅಲ್ಲಿ ಇನ್ನೊಬ್ಬ ಇಂಗ್ಲಿಷ್ ಮೇಜರ್ ಅಡಗಿದ್ದಾನೆ. ಅದೇ ಹಳ್ಳಿಯಲ್ಲಿ ನಾನಾ ದೇಶಗಳ ನಿರಾಶ್ರಿತರ ಗುಂಪೊಂದಿದೆ: ಮುದುಕನಾದ ಯೆಹೂದಿ ದರ್ಜಿ, ಅವನ ಸೋದರನ ಮಗಳು, ತಾಯಿ, ಆಕೆಯ ಹದಿಹರೆಯದ ಮಗ, ಪ್ರೊಫೆಸರ್, ಇನ್ನೂ ಕೆಲವರು. ಸೈನಿಕರು ತಾವಷ್ಟೇ ಹೋದರೆ ಬೇಗ ಪಾರಾಗಬಹುದು. ಮಕ್ಕಳು ಮುದುಕರನ್ನು ಕಟ್ಟಿಕೊಂಡರೆ ಎಲ್ಲರೂ ಸಿಕ್ಕಿಬೀಳಬಹುದು. ಕಥೆಯ ಕಗ್ಗಂಟು ಇಷ್ಟೇ. ಅವರು ಕರೆದುಕೊಂಡು ಹೋಗುತ್ತಾರೆ.

ಹಿಮಗಾಳಿಯಲ್ಲಿ ಬೆಟ್ಟವೇರುವ ಆ ಪಯಣವನ್ನು ಬೆರ್ನಾ ಅವರ ಕ್ಯಾಮೆರಾ ಯಾವ ಅಲಂಕಾರವೂ ಇಲ್ಲದೆ ಹಿಂಬಾಲಿಸುತ್ತದೆ. ಮೂವರು ಸೈನಿಕರ ಪಾತ್ರಗಳಿಗೆ ನಟರನ್ನು ಹುಡುಕಲಿಲ್ಲ. ಜಾನ್ ಹೋಯ್, ರೇ ರೀಗನ್, ಇ. ಜಿ. ಮಾರಿಸನ್ ಮೂವರೂ ನಿಜವಾಗಿಯೇ ಸೆರೆಯಿಂದ ಪಾರಾಗಿ ಸ್ವಿಟ್ಜರ್ಲೆಂಡಿನಲ್ಲಿ ಆಶ್ರಯ ಪಡೆದಿದ್ದ ಸೈನಿಕರು. ನಿರಾಶ್ರಿತರ ಪಾತ್ರಗಳಲ್ಲಿಯೂ ನಿಜವಾದ ನಿರಾಶ್ರಿತರಿದ್ದರು. ತಾಯಿಯಾದವರು ತೆರೆಸ್ ಗೀಸೆ. ಒಬ್ಬೊಬ್ಬರೂ ಅವರವರ ಭಾಷೆಯಲ್ಲಿಯೇ ಮಾತನಾಡುತ್ತಾರೆ. ಇಂಗ್ಲಿಷ್, ಇಟಾಲಿಯನ್, ಜರ್ಮನ್, ಫ್ರೆಂಚ್, ಯಿಡ್ಡಿಷ್ ಎಲ್ಲವೂ ಕಿವಿಗೆ ಬೀಳುತ್ತವೆ. ಎಲ್ಲರ ಬಾಯಲ್ಲೂ ಒಂದೇ ಭಾಷೆಯನ್ನು ತುಂಬುವುದು ಆ ಕಾಲದ ಚಿತ್ರಗಳ ವಾಡಿಕೆಯಾಗಿದ್ದಾಗ ಇದು ದೊಡ್ಡ ಸಾಹಸ. ಭಾಷೆ ತಿಳಿಯದಾಗ ಒಬ್ಬರು ಇನ್ನೊಬ್ಬರ ಮುಖವನ್ನು ನೋಡಬೇಕಾಗುತ್ತದೆ, ಕೈಸನ್ನೆಯನ್ನು ಗಮನಿಸಬೇಕಾಗುತ್ತದೆ. ಪ್ರೇಕ್ಷಕನೂ ಹಾಗೆಯೇ ನೋಡತೊಡಗುತ್ತಾನೆ. ಎಲ್ಲ ದೇಶಗಳ ಮಕ್ಕಳಿಗೂ ಗೊತ್ತಿರುವ ಒಂದು ಶಿಶುಗೀತೆಯನ್ನು ಅವರವರ ನುಡಿಗಳಲ್ಲಿ ಕೂಡಿ ಹಾಡುವ ಸನ್ನಿವೇಶವನ್ನು ಕಂಡವರು ಮರೆಯಲಾರರು.

ಗಡಿ ಕಣ್ಣಿಗೆ ಬಿದ್ದಾಗ ಜರ್ಮನ್ ಕಾವಲುಪಡೆಯೂ ಎದುರಾಗುತ್ತದೆ. ಆ ತಾಯಿಯ ಮಗ ಎಲ್ಲರನ್ನೂ ಉಳಿಸಲೆಂದು ತಾನೇ ಬೇರೆ ದಿಕ್ಕಿಗೆ ಓಡಿ ಗುಂಡುಗಳನ್ನು ತನ್ನತ್ತ ಸೆಳೆದುಕೊಂಡು ಸಾಯುತ್ತಾನೆ. ಇಂಗ್ಲಿಷ್ ಅಧಿಕಾರಿ ಗಾಯಗೊಂಡು ಗಡಿಯನ್ನು ಸೇರುತ್ತಾನೆ. ಆದರೆ ಚಿತ್ರ ಅಲ್ಲಿಗೆ ಮುಗಿಯುವುದಿಲ್ಲ. ಸ್ವಿಸ್ ನೆಲದ ಮೇಲೆ ಕಾಲಿಟ್ಟ ಮೇಲೆಯೇ ನಿಯಮದ ಪ್ರಶ್ನೆ ಏಳುತ್ತದೆ. ಸೆರೆಯಿಂದ ತಪ್ಪಿಸಿಕೊಂಡ ಸೈನಿಕರಿಗೆ ಪ್ರವೇಶವುಂಟು. ಇವರೊಡನೆ ಬಂದ ಇವರೆಲ್ಲ ಯಾರು, ಇವರಿಗೆ ಪ್ರವೇಶವುಂಟೇ? ಕೊನೆಗೆ ಅವರಿಗೂ ಪ್ರವೇಶ ದೊರೆಯುತ್ತದೆ. ಅವರನ್ನು ಅಲ್ಲಿಯವರೆಗೆ ತಂದ ಅಧಿಕಾರಿ ಬದುಕುಳಿಯುವುದಿಲ್ಲ. ಹನ್ನೆರಡು ವರ್ಷ ಪರವಾನಗಿಯ ಮೇಲೆ ಬದುಕಿದ ನಿರ್ದೇಶಕರಿಗೆ ಆ ಕಾವಲುಠಾಣೆಯ ಮೇಜು, ಕಾಗದಪತ್ರ, ನಿಂತು ಕಾಯುವ ಜನರ ಮೌನ ಇವು ಎಷ್ಟು ಪರಿಚಿತವಾಗಿದ್ದವೆಂಬುದು ಆ ದೃಶ್ಯಗಳಲ್ಲಿಯೇ ತಿಳಿಯುತ್ತದೆ.

ಚಿತ್ರೀಕರಣದ ಕಾಲದಲ್ಲಿ ಅಧಿಕಾರಿವರ್ಗದಿಂದ ಅಡ್ಡಿಗಳು ಬಂದವು. ತಟಸ್ಥ ದೇಶವೊಂದು ಇಂಥ ವಸ್ತುವನ್ನು ಎತ್ತಿಕೊಳ್ಳಬಾರದೆಂಬುದು ಕೆಲವರ ವಾದ. ಗಡಿಯ ವಿಷಯ ಹೊರಬೀಳಬಾರದೆಂಬುದು ಹಲವರ ಮನಸ್ಸಿನ ಮಾತು. ವೆಕ್ಸ್ಲರ್ ಜಗ್ಗಲಿಲ್ಲ. ಯೂರೋಪಿನಲ್ಲಿ ಯುದ್ಧ ನಿಂತ ಅದೇ 1945ರ ಮೇ ತಿಂಗಳಿನಲ್ಲಿ ಜೂರಿಚ್‌ನಲ್ಲಿ ಚಿತ್ರ ತೆರೆಕಂಡಿತು. ಅಮೆರಿಕದಲ್ಲಿ ಮೆಟ್ರೋ-ಗೋಲ್ಡ್‌ವಿನ್-ಮೇಯರ್ ಸಂಸ್ಥೆ ಅದನ್ನು ಹಂಚಿತು. 1946ರಲ್ಲಿ ನಡೆದ ಮೊಟ್ಟಮೊದಲ ಕಾನ್ ಚಿತ್ರೋತ್ಸವದಲ್ಲಿ ಅತ್ಯುನ್ನತ ಪ್ರಶಸ್ತಿಯನ್ನು ಹಂಚಿಕೊಂಡ ಹನ್ನೊಂದು ಚಿತ್ರಗಳಲ್ಲಿ ಇದೂ ಒಂದು. ನಮ್ಮ ದೇಶದ ಚೇತನ್ ಆನಂದರ 'ನೀಚಾ ನಗರ್' ಕೂಡ ಅದೇ ಹನ್ನೊಂದರಲ್ಲಿ ಸೇರಿದೆ ಎಂಬುದನ್ನು ಇಲ್ಲಿ ನೆನೆಯಬಹುದು. ಅಂತರರಾಷ್ಟ್ರೀಯ ಶಾಂತಿ ಪ್ರಶಸ್ತಿಯೂ ಸ್ವಿಸ್ ಚಿತ್ರಕ್ಕೆ ಸಂದಿತು.

ಕೀರ್ತಿಯ ಜತೆಗೆ ಒಂದು ಮುಜುಗರವೂ ಅಂಟಿಕೊಂಡಿತು. ಹೊರಗಿನ ಲೋಕವು ಆ ಚಿತ್ರವನ್ನು ನೋಡಿ, ಕಷ್ಟಕಾಲದಲ್ಲಿ ಸ್ವಿಟ್ಜರ್ಲೆಂಡ್ ಎಲ್ಲರಿಗೂ ಬಾಗಿಲು ತೆರೆದಿತ್ತೆಂದು ಭಾವಿಸಿತು. ಯಾವ ಚಿತ್ರವನ್ನು ತೆಗೆಯದಂತೆ ಅಡ್ಡಿಪಡಿಸಿದ್ದರೋ ಅದೇ ಚಿತ್ರ ದೇಶಕ್ಕೆ ಒಳ್ಳೆಯ ಹೆಸರಿನ ಪ್ರಮಾಣಪತ್ರವಾಯಿತು. ನಿಜದಲ್ಲಿ ಬಾಗಿಲು ಎಷ್ಟೋ ಸಲ ಮುಚ್ಚಿತ್ತು. ಕಥೆಯಲ್ಲಿ ಒಳಗೆ ಬಿಟ್ಟದ್ದು ಲಿಂಟ್‌ಬರ್ಗರ ದೌರ್ಬಲ್ಯವೇ ಎಂದು ಮುಂದಿನ ವಿಮರ್ಶಕರು ಕೇಳಿದ್ದಾರೆ. ಕೇಳತಕ್ಕ ಪ್ರಶ್ನೆಯೇ. ಆದರೆ ಯುದ್ಧದ ನಡುವೆ, ಪೌರತ್ವವಿಲ್ಲದ ಒಬ್ಬ ಯೆಹೂದಿ, ಆಶ್ರಯ ಕೊಟ್ಟ ದೇಶದ ಠಾಣೆಯೊಳಗೆ ಕ್ಯಾಮೆರಾವನ್ನು ಒಯ್ದು ಆ ಪ್ರಶ್ನೆಯನ್ನು ಎಲ್ಲರಿಗೂ ಕೇಳಿಸುವಂತೆ ಎತ್ತಿದರೆಂಬುದನ್ನು ತೂಗಿ ನೋಡಬೇಕು. ನೋಡಿದವರು ಉತ್ತರವನ್ನು ಮಾತ್ರ ನೆನಪಿಟ್ಟು ಪ್ರಶ್ನೆಯನ್ನು ಮರೆತರೆ ಅದರ ಹೊಣೆ ಪೂರ್ತಿ ಅವರದಲ್ಲ.

ಯುದ್ಧಾನಂತರದ ಚಿತ್ರಗಳಲ್ಲಿ ಗಮನಾರ್ಹವಾದುದು 1951ರ 'ಜೀಪಿನಲ್ಲಿ ನಾಲ್ವರು'. ಅಮೆರಿಕ, ಇಂಗ್ಲೆಂಡ್, ಫ್ರಾನ್ಸ್, ರಷ್ಯಾ ನಾಲ್ಕೂ ದೇಶಗಳ ಸೈನಿಕರು ಒಂದೇ ಜೀಪಿನಲ್ಲಿ ಕುಳಿತು ಗಸ್ತು ತಿರುಗುತ್ತಿದ್ದ ವಿಯೆನ್ನಾ ಅದರ ರಂಗಭೂಮಿ. ತಾವು ಹುಟ್ಟಿದ ಊರಿನ ಅರೆಬಿದ್ದ ಬೀದಿಗಳಿಗೆ ಲಿಂಟ್‌ಬರ್ಗರು ಹೀಗೆ ಸ್ವಿಸ್ ಚಿತ್ರತಂಡದೊಡನೆ ಮರಳಿದರು. ಬರ್ಲಿನ್ನಿನಲ್ಲಿ ಆ ವರ್ಷ ಮೊದಲ ಬಾರಿಗೆ ನಡೆದ ಚಿತ್ರೋತ್ಸವದಲ್ಲಿ ಅದಕ್ಕೆ ಸ್ವರ್ಣಕರಡಿ ಪ್ರಶಸ್ತಿ ದೊರೆಯಿತು. ಅವರಿಗೆ ಸ್ವಿಸ್ ಪೌರತ್ವ ದೊರೆತದ್ದೂ 1951ರಲ್ಲಿಯೇ, ಆ ನೆಲಕ್ಕೆ ಬಂದು ಹದಿನೆಂಟು ವರ್ಷಗಳಾದ ಮೇಲೆ.

ಅವರ ಕೊನೆಯ ಕಥಾಚಿತ್ರ 1953ರ 'ನಮ್ಮ ಊರು'. ಶಿಕ್ಷಕ ತರಬೇತಿ ಪಡೆದವರಿಗೆ ಪೆಸ್ಟಲಾಜಿಯವರ ಹೆಸರು ಹೊಸದಲ್ಲ. ಅನಾಥ ಮಕ್ಕಳಿಗೆ ತಂದೆಯಾಗಿ ನಿಂತ ಆ ಸ್ವಿಸ್ ಶಿಕ್ಷಣತಜ್ಞರ ಹೆಸರಿನಲ್ಲಿ, ವಾಲ್ಟರ್ ರಾಬರ್ಟ್ ಕೋರ್ಟಿ ಎಂಬವರು 1944ರಲ್ಲಿ ಮುಂದಿಟ್ಟ ಸೂಚನೆಯಂತೆ, ಟ್ರೋಗನ್ ಎಂಬಲ್ಲಿ 1946ರಲ್ಲಿ ಮಕ್ಕಳ ಹಳ್ಳಿಯೊಂದನ್ನು ಕಟ್ಟಲಾಯಿತು. ಯುದ್ಧದಲ್ಲಿ ತಂದೆತಾಯಿಗಳನ್ನು ಕಳೆದುಕೊಂಡ ನಾನಾ ದೇಶಗಳ ಮಕ್ಕಳು ತಮ್ಮ ತಮ್ಮ ಭಾಷೆಯ ಮನೆಗಳಲ್ಲಿ ವಾಸಿಸುತ್ತ, ಆಟಪಾಠಗಳಲ್ಲಿ ಒಂದುಗೂಡುವ ಏರ್ಪಾಡು ಅಲ್ಲಿಯದು. ನಿನ್ನೆಯವರೆಗೆ ಶತ್ರುಗಳಾಗಿದ್ದ ದೇಶಗಳ ಮಕ್ಕಳು ಒಂದೇ ಅಂಗಳದಲ್ಲಿ ಬೆಳೆಯುವುದನ್ನೂ, ದೊಡ್ಡವರ ರಾಜಕಾರಣ ಅಲ್ಲಿಗೂ ಕೈಚಾಚುವುದನ್ನೂ ಚಿತ್ರ ಹೇಳುತ್ತದೆ. 'ಕೊನೆಯ ಅವಕಾಶ'ದ ಬಿಗಿ ಅದರಲ್ಲಿಲ್ಲವೆಂದು ಒಪ್ಪಬೇಕು; ಅದು ಹಣವನ್ನೂ ತರಲಿಲ್ಲ. ಮಕ್ಕಳು ಮಾತ್ರ ಅದರಲ್ಲಿ ಮಕ್ಕಳಾಗಿಯೇ ಇದ್ದಾರೆ.

ಬಳಿಕ ಅವರು ಮತ್ತೆ ನಾಟಕಕ್ಕೆ ತಮ್ಮನ್ನು ಒಪ್ಪಿಸಿಕೊಂಡರು. ವಿಯೆನ್ನಾದ ಬುರ್ಗ್‌ಥಿಯೇಟರಿನಲ್ಲಿ ಶೇಕ್ಸ್‌ಪಿಯರನ ರಾಜನಾಟಕಗಳನ್ನು ಒಂದಾದ ಮೇಲೊಂದರಂತೆ ಪ್ರಯೋಗಿಸಿದರು. ಸಾಲ್ಸ್‌ಬರ್ಗ್ ಉತ್ಸವದಲ್ಲಿ ಗಯಟೆಯ 'ಫೌಸ್ಟ್' ನಾಟಕವನ್ನು ಮಾಡಿಸಿದರು. ಒಂದು ಕಾಲಕ್ಕೆ ತಮಗೆ ಅನ್ನ ನೀಡಿದ ಜೂರಿಚ್ ಷೌಷ್ಪೀಲ್‌ಹೌಸಿನ ನಿರ್ದೇಶಕಸ್ಥಾನವನ್ನು 1965ರಿಂದ 1968ರವರೆಗೆ ವಹಿಸಿದರು. ಅಷ್ಟರಲ್ಲಿ ಸ್ವಿಸ್ ಚಿತ್ರರಂಗದಲ್ಲಿ ಹೊಸ ತಲೆಮಾರು ತಲೆಯೆತ್ತಿತ್ತು. ಜಿನೀವಾದ ಆಲೆನ್ ಟ್ಯಾನರ್, ಕ್ಲೋದ್ ಗೊರೆತಾ, ಮಿಶೆಲ್ ಸೂಟರ್ ಮೊದಲಾದ ತರುಣರು ಹಳೆಯ ರೀತಿಯನ್ನು ತೊರೆದು ಅಲ್ಪವೆಚ್ಚದ ಚಿತ್ರಗಳಿಂದ ಹೆಸರಾದರು. ಅವರಿಗೆ ಪ್ರೇಸೆನ್ಸ್ ಚಿತ್ರಗಳು ಹಿರಿಯರ ಕಾಲದ ಸಾಮಾನಿನಂತೆ ಕಂಡಿದ್ದರೆ ಆಶ್ಚರ್ಯವಿಲ್ಲ. ಆದರೂ 1981ರಲ್ಲಿ ಮಾರ್ಕುಸ್ ಇಮ್ಹೋಫ್ ಎಂಬ ನಿರ್ದೇಶಕರು, ಷ್ಟೈಗರ್ ಅವರ ಆ ತುಂಬಿದ ದೋಣಿಯ ಹೋಲಿಕೆಯನ್ನೇ ಹೆಸರಾಗಿಟ್ಟು, ಗಡಿ ದಾಟಿ ಬಂದ ನಿರಾಶ್ರಿತರನ್ನು ಹಿಂದಕ್ಕಟ್ಟುವ ಕಥೆಯನ್ನು ಚಿತ್ರಿಸಿದರು. ಮೂವತ್ತಾರು ವರ್ಷಗಳ ಹಿಂದೆ ಲಿಂಟ್‌ಬರ್ಗರು ಠಾಣೆಯ ಮೇಜಿನ ಮುಂದೆ ನಿಲ್ಲಿಸಿಹೋಗಿದ್ದ ಜನರೇ ಅದರಲ್ಲಿ ಮತ್ತೆ ಕಾಣಿಸಿಕೊಂಡರು. ಈ ಬಾರಿ ಅವರಿಗೆ ಪ್ರವೇಶ ದೊರೆಯಲಿಲ್ಲ. ಆ ಚಿತ್ರ ಬಂದಾಗ ಲಿಂಟ್‌ಬರ್ಗರು ಎಪ್ಪತ್ತೊಂಬತ್ತರ ಹರೆಯದಲ್ಲಿದ್ದರು.

ಅವರು 1984ರ ಏಪ್ರಿಲ್ 18ರಂದು ಎಂಗಡೀನ್ ಕಣಿವೆಯ ಸಿಲ್ಸ್ ಮರಿಯ ಎಂಬ ಊರಿನಲ್ಲಿ ತೀರಿಕೊಂಡರು. ಸರೋವರಗಳ ನಡುವಿನ ಚಿಕ್ಕ ಊರದು. ಅಲ್ಲಿಂದ ನೀರಿನಂಚು ಹಿಡಿದು ಮುಂದೆ ಹೋದರೆ ಮಲೋಯಾ ಕಣಿವೆದಾರಿ ಸಿಗುತ್ತದೆ. ಆ ದಾರಿ ತಿರುವುಗಳಲ್ಲಿ ಕೆಳಗಿಳಿದು ಇಟಲಿಯ ಗಡಿಯನ್ನು ಮುಟ್ಟುತ್ತದೆ.